ಮೆಟ್ಟಿಲು ಯಾರಿಗೆ, ಹಿಂಬಾಗಿಲು ಯಾರಿಗೆ



ಬೆಂಗಳೂರಿನ ಅಂಬೇಡ್ಕರ್ ವೀಧಿಯಲ್ಲಿ ಎರಡು ಕಟ್ಟಡಗಳು ಎದುರುಬದುರು ನಿಂತಿವೆ. ಪೂರ್ವಕ್ಕೆ ಕೆಂಪು ಬಣ್ಣದ ಅಠಾರಾ ಕಚೇರಿ, ಅಂದರೆ ಈಗಿನ ಹೈಕೋರ್ಟು. ಪಶ್ಚಿಮಕ್ಕೆ ವಿಧಾನಸೌಧ. ನಡುವೆ ಇರುವುದು ಒಂದು ರಸ್ತೆ ಮಾತ್ರ. ಊರಿನಿಂದ ಬಂದ ನೆಂಟರಿಗೆ, ಮಕ್ಕಳಿಗೆ ಬಸ್ಸಿನ ಕಿಟಕಿಯಿಂದಲೇ ವಿಧಾನಸೌಧ ತೋರಿಸಿ ಮುಂದೆ ಹೋಗುವುದು ನಮಗೆಲ್ಲ ರೂಢಿ. ಈ ಹೊತ್ತು ಆ ರಸ್ತೆಯಲ್ಲಿ ಸ್ವಲ್ಪ ನಿಂತು ನೋಡೋಣ. ಆ ಎರಡು ಕಟ್ಟಡಗಳು ಮುಖಾಮುಖಿಯಾಗಿ ನಿಂತಿರುವುದು ಆಕಸ್ಮಿಕವಲ್ಲ.

ಮೊದಲು ಬಂದದ್ದು ಅಠಾರಾ ಕಚೇರಿ. 1831ರಲ್ಲಿ ಮೈಸೂರಿನ ಆಡಳಿತವನ್ನು ಬ್ರಿಟಿಷರು ಕೈಗೆ ತೆಗೆದುಕೊಂಡ ಮೇಲೆ ಬಹಳ ಕಾಲ ಸರ್ಕಾರದ ಕಚೇರಿಗಳು ಬೆಂಗಳೂರು ಕೋಟೆಯೊಳಗಿನ ಟಿಪ್ಪುವಿನ ಅರಮನೆಯಲ್ಲೇ ಇದ್ದವು. ಸೋತ ಸುಲ್ತಾನನ ಮರದ ಕಂಬಗಳ ನಡುವೆ ಗೆದ್ದವರ ಗುಮಾಸ್ತರು ಕೂತು ಕಡತ ಬರೆಯುತ್ತಿದ್ದ ಕಾಲ ಅದು. ಆಮೇಲೆ ಕಚೇರಿಗಳನ್ನು ಅಲ್ಲಿಂದ ಎತ್ತಿ, ದಂಡು ಪ್ರದೇಶಕ್ಕೆ ಹತ್ತಿರವಾಗುವಂತೆ, ಈಗಿನ ಕಬ್ಬನ್ ಪಾರ್ಕಿನ ಅಂಚಿನಲ್ಲಿ ಹೊಸ ಕಟ್ಟಡ ಕಟ್ಟಿದರು. ಮುಖ್ಯ ಎಂಜಿನಿಯರ್ ರಿಚರ್ಡ್ ಸ್ಯಾಂಕಿಯ ಯೋಜನೆಯಂತೆ 1864ರಲ್ಲಿ ಕೆಲಸ ಶುರುವಾಗಿ 1868ರಲ್ಲಿ ಮುಗಿಯಿತು. ಗ್ರೀಕ್–ರೋಮನ್ ಮಾದರಿಯ ಕಂಬಸಾಲು, ಉದ್ದನೆಯ ಮೊಗಸಾಲೆ. ಹದಿನೆಂಟು ಇಲಾಖೆಗಳು ಅಲ್ಲಿದ್ದುದರಿಂದ ಜನ ಅದನ್ನು ಅಠಾರಾ ಕಚೇರಿ ಎಂದರು. ಸರ್ಕಾರ ಪೇಟೆಯ ಜನರಿಂದ ದೂರ ಸರಿದು ಸೈನ್ಯದ ಮಗ್ಗುಲಿಗೆ ಬಂತು ಎಂಬುದನ್ನು ಯಾವ ಘೋಷಣೆಯೂ ಹೇಳಬೇಕಾಗಿರಲಿಲ್ಲ. ಕಂದಾಯದ ಅಹವಾಲು ಹಿಡಿದು ಬರುವ ರೈತ ಈಗ ಎಲ್ಲಿಗೆ ನಡೆಯಬೇಕು ಎಂಬುದರಲ್ಲೇ ಅದು ಗೊತ್ತಾಗುತ್ತಿತ್ತು.

ಆ ಕಟ್ಟಡಕ್ಕೆ ಉತ್ತರವಾಗಿ, ಅದರ ಕಣ್ಣೆದುರಿಗೇ ಎದ್ದದ್ದು ವಿಧಾನಸೌಧ. 1951ರ ಜುಲೈ 13ರಂದು ಜವಾಹರಲಾಲ್ ನೆಹರೂ ಅಡಿಗಲ್ಲು ಹಾಕಿದಾಗ ಕೆ.ಸಿ. ರೆಡ್ಡಿಯವರು ಮುಖ್ಯಮಂತ್ರಿ, ಕಟ್ಟಡದ ನಕ್ಷೆಯೂ ಸರಳವಾದದ್ದು. ಮರುವರ್ಷ ಕೆಂಗಲ್ ಹನುಮಂತಯ್ಯನವರು ಅಧಿಕಾರಕ್ಕೆ ಬಂದರು, ನಕ್ಷೆಯೇ ಬದಲಾಯಿತು. ಮುಖ್ಯ ವಾಸ್ತುಶಿಲ್ಪಿ ಬಿ.ಆರ್. ಮಾಣಿಕ್ಯಂ ಅವರೊಡನೆ ಕೂತು ಅವರು ರೂಪಿಸಿದ್ದು 700 ಅಡಿ ಉದ್ದ, 350 ಅಡಿ ಅಗಲದ ಕಲ್ಲಿನ ಸೌಧ. ಮುಂಭಾಗದಲ್ಲಿ 40 ಅಡಿ ಎತ್ತರದ ಹನ್ನೆರಡು ಗ್ರಾನೈಟ್ ಕಂಬಗಳು, ಮೇಲೆ 60 ಅಡಿ ವ್ಯಾಸದ ಗುಮ್ಮಟ, ಅದರ ನೆತ್ತಿಯ ಮೇಲೆ ನಾಲ್ಕು ಸಿಂಹಗಳ ಲಾಂಛನ. ಮಲ್ಲಸಂದ್ರ ಹೆಸರಘಟ್ಟಗಳ ಕಲ್ಲು ಗೋಡೆಗೆ, ಮಾಗಡಿಯ ನಸುಗೆಂಪು ಕಲ್ಲು, ತುರುವೇಕೆರೆಯ ಕಪ್ಪು ಕಲ್ಲು ಅಲಂಕಾರಕ್ಕೆ.

ಅದೇ ದಶಕದಲ್ಲಿ ಚಂಡೀಗಢದಲ್ಲಿ ಫ್ರಾನ್ಸಿನ ವಾಸ್ತುಶಿಲ್ಪಿ ಲ ಕಾರ್ಬೂಸಿಯೇ ಹಸಿ ಕಾಂಕ್ರೀಟಿನಲ್ಲಿ ಹೊಸ ರಾಜಧಾನಿ ಕಟ್ಟುತ್ತಿದ್ದ. ಸ್ವತಂತ್ರ ದೇಶದ ಸರ್ಕಾರಕ್ಕೆ ಎಂಥ ಮುಖ ಇರಬೇಕು ಎಂಬ ಒಂದೇ ಪ್ರಶ್ನೆಗೆ ಪಂಜಾಬು ಹಿಂದಿನದೆಲ್ಲವನ್ನೂ ಒರೆಸಿ ಉತ್ತರ ಬರೆದರೆ, ಮೈಸೂರು ದೇವಸ್ಥಾನ ಮತ್ತು ಅರಮನೆಗಳ ಕಲ್ಲಿನ ಭಾಷೆಯನ್ನು ಶಾಸಕರಿಗಾಗಿ ಎರವಲು ತಂದಿತು. ಹನುಮಂತಯ್ಯನವರ ಧೈರ್ಯ ನನಗೆ ಮೆಚ್ಚುಗೆಯಾಗುವುದು ಇಲ್ಲಿ. ಸಾಹೇಬರ ಕಚೇರಿ ಕುಬ್ಜವಾಗಿ ಕಾಣಬೇಕು, ಮೈಸೂರಿನ ಅರಮನೆಯ ಮುಂದೆ ತಲೆಬಾಗಿದ ಜನ ತಮ್ಮ ಮತದಿಂದ ಹುಟ್ಟಿದ ಕಟ್ಟಡದ ಮುಂದೆ ತಲೆ ಎತ್ತಿ ನಿಲ್ಲಬೇಕು ಎಂಬ ಹಟ ಆ ಗಾತ್ರದಲ್ಲಿದೆ. ಕಟ್ಟುವಾಗ ಇದ್ದದ್ದು ಹಳೆಯ ಮೈಸೂರು ರಾಜ್ಯ. ಕನ್ನಡ ನಾಡೆಲ್ಲ ಒಂದಾಗುವುದು ನಮ್ಮ ಭಾಗಕ್ಕೆ ನಷ್ಟ ಎಂದು ಹಳೆಯ ಮೈಸೂರಿನ ಎಷ್ಟೋ ನಾಯಕರು ಹೆದರುತ್ತಿದ್ದಾಗ ಏಕೀಕರಣದ ಪರ ನಿಂತವರು ಹನುಮಂತಯ್ಯ. ಅವರು ಕಟ್ಟಿಸಿದ ಸೌಧ ಇನ್ನೂ ಹುಟ್ಟದಿದ್ದ ದೊಡ್ಡ ರಾಜ್ಯದ ಅಳತೆಗೆ ಹೊಂದುವಂತಿತ್ತು. 1956ರ ನವೆಂಬರ್ 1ರಂದು ಆ ರಾಜ್ಯ ಬಂತು. ಆದರೆ ಅದೇ ವರ್ಷದ ಆಗಸ್ಟಿನಲ್ಲೇ ಹನುಮಂತಯ್ಯನವರು ಸ್ವಪಕ್ಷದವರ ವಿಶ್ವಾಸ ಕಳೆದುಕೊಂಡು ಮುಖ್ಯಮಂತ್ರಿ ಸ್ಥಾನ ಬಿಟ್ಟಾಗಿತ್ತು. ಕಟ್ಟಡದ ಖರ್ಚಿನ ಮೇಲೆ ವಿಚಾರಣೆಯೂ ನಡೆಯಿತು.

ವಿಧಾನಸೌಧದ ಕಲ್ಲುಗಳನ್ನು ಸೀಳಿ, ಹೊತ್ತು, ಕಡೆದವರು ಸುಮಾರು ಐದು ಸಾವಿರ ಜನ. ಅವರಲ್ಲಿ ಶಿಕ್ಷೆ ಅನುಭವಿಸುತ್ತಿದ್ದ ಕೈದಿಗಳೂ ಇದ್ದರು. ಮುಖ್ಯಮಂತ್ರಿಯ ಹೆಸರು, ವಾಸ್ತುಶಿಲ್ಪಿಯ ಹೆಸರು ನಮಗೆ ಬಾಯಿಪಾಠ. ಕೈಯಲ್ಲಿ ಉಳಿ ಹಿಡಿದವರ ಹೆಸರು ಯಾವ ಪಾಠದಲ್ಲೂ ಬರುವುದಿಲ್ಲ.

ಇಷ್ಟು ಮೆಚ್ಚಿದ ಮೇಲೂ ನನ್ನನ್ನು ಕಾಡುವ ಒಂದು ಮಾತಿದೆ. ಪ್ರಜೆಗಳ ಮನೆಗೆ ದೇವಸ್ಥಾನದ ರೂಪ ಕೊಟ್ಟದ್ದು ಯಾವ ಕಾಲದಲ್ಲಿ? ಸಂವಿಧಾನ ಅಸ್ಪೃಶ್ಯತೆಯನ್ನು ನಿಷೇಧಿಸಿದ್ದು 1950ರಲ್ಲಿ. ತಲೆತಲಾಂತರದಿಂದ ಗುಡಿಯ ಹೊಸ್ತಿಲು ದಾಟಲಾಗದೆ ಆಚೆಯೇ ನಿಂತು ಕೈಮುಗಿದ ಜನರಿಗೆ ಗೋಪುರ, ಕಂಬ, ಕಳಶ ಇವುಗಳ ನೆನಪು ಬೇರೆಯೇ ಆಗಿರುತ್ತದೆ. ಮುಂಬಾಗಿಲ ಮೇಲೆ ಸರ್ಕಾರದ ಕೆಲಸ ದೇವರ ಕೆಲಸ ಎಂದು ಬರೆದಿದೆ. ಶ್ರದ್ಧೆಯಿಂದ ದುಡಿಯಿರಿ ಎಂದು ನೌಕರನಿಗೆ ಹೇಳಿದ ಮಾತು ಅದು, ಒಳ್ಳೆಯ ಮಾತೇ. ಆದರೆ ಅರ್ಜಿ ಹಿಡಿದು ಬಂದವನು ಅದನ್ನು ಓದಿದಾಗ, ತಾನು ಹಕ್ಕು ಕೇಳಲು ಬಂದ ಪ್ರಜೆಯೋ ವರ ಬೇಡಲು ಬಂದ ಭಕ್ತನೋ ಎಂಬ ಗೊಂದಲ ಹುಟ್ಟಬಾರದು. ವಿಧಾನಸೌಧದ ಮುಂದೆ ಅಂಬೇಡ್ಕರರ ಪ್ರತಿಮೆ ನಿಂತದ್ದು, ಆ ರಸ್ತೆಗೆ ಅವರ ಹೆಸರು ಬಂದದ್ದು ಈ ಕಾರಣಕ್ಕೇ ನನಗೆ ಮುಖ್ಯ. ಕಟ್ಟಡ ಹೇಳದೆ ಬಿಟ್ಟ ಮಾತನ್ನು ಆ ಪ್ರತಿಮೆ ಹೇಳುತ್ತಿದೆ.

ಕಟ್ಟಡದ ಶೈಲಿಯ ಬಗ್ಗೆ ಪಂಡಿತರು ವಾದಿಸಲಿ. ನಾನು ಮೊದಲು ನೋಡುವುದು ಬಾಗಿಲನ್ನು. ಯಾರು ಎಲ್ಲಿಂದ ಒಳಗೆ ಬರುತ್ತಾರೆ? ವಿಧಾನಸೌಧದ ಮುಂದೆ 200 ಅಡಿಗೂ ಹೆಚ್ಚು ಅಗಲದ 45 ಮೆಟ್ಟಿಲುಗಳ ಸೋಪಾನವಿದೆ. ನೆಲದಿಂದ ನೇರ ಮೊದಲ ಮಹಡಿಯ ಮೊಗಸಾಲೆಗೆ ಕರೆದೊಯ್ಯುವ ಮೆಟ್ಟಿಲುಗಳು ಅವು. ಸಾವಿರಾರು ಜನ ಒಟ್ಟಿಗೆ ಹತ್ತಿ ಬರಲಿ ಎಂಬಂತೆ ಕಟ್ಟಿದ್ದಾರೆ. ಇವತ್ತು ಸುತ್ತ ಕಬ್ಬಿಣದ ಬೇಲಿ, ಗೇಟು, ಪಾಸು, ತಪಾಸಣೆ. ಕೆಲಸವಿದ್ದವರು ಪಕ್ಕದ ಬಾಗಿಲಿನಿಂದ ಹೋಗಬೇಕು. ಸೋಪಾನ ಖಾಲಿ ಇರುತ್ತದೆ, ಪ್ರಮಾಣವಚನದಂಥ ದೊಡ್ಡ ಸಮಾರಂಭಗಳಿದ್ದಾಗ ತುಂಬುತ್ತದೆ. 2025ರ ಜೂನ್ 4ರಂದು ಅದು ತುಂಬಿತ್ತು. ಐಪಿಎಲ್ ಕಪ್ ಗೆದ್ದ ಕ್ರಿಕೆಟ್ ತಂಡಕ್ಕೆ ಆ ಮೆಟ್ಟಿಲುಗಳ ಮೇಲೆ ಸನ್ಮಾನ ನಡೆದ ಅದೇ ಸಂಜೆ, ಸ್ವಲ್ಪ ದೂರದ ಚಿನ್ನಸ್ವಾಮಿ ಕ್ರೀಡಾಂಗಣದ ಗೇಟುಗಳಲ್ಲಿ ನೂಕುನುಗ್ಗಲಾಗಿ ಹನ್ನೊಂದು ಜನ ಪ್ರಾಣ ಬಿಟ್ಟರು. ವೇದಿಕೆ ವಿಶಾಲವಾಗಿತ್ತು, ಜನರ ಪಾಲಿನ ಬಾಗಿಲು ಇಕ್ಕಟ್ಟಾಗಿತ್ತು. ಆ ದಿನದ ಹೊಣೆ ಯಾರದು ಎಂಬುದಕ್ಕೆ ಬೇರೆ ವಿಚಾರಣೆಗಳಿವೆ. ಆದರೆ ನಗರ ಕಟ್ಟುವವರೆಲ್ಲ ಆ ಗೇಟುಗಳನ್ನು ಮರೆಯದೆ ಇಟ್ಟುಕೊಳ್ಳಬೇಕು.

ಬಾಗಿಲಿನ ಈ ಲೆಕ್ಕ ನಮ್ಮ ಊರಿಗೆ ಹೊಸದೇನಲ್ಲ. 1537ರಲ್ಲಿ ಕೆಂಪೇಗೌಡರು ಕಟ್ಟಿಸಿದ ಪೇಟೆಯಲ್ಲಿ ದೊಡ್ಡಪೇಟೆ, ಚಿಕ್ಕಪೇಟೆ ಎಂಬ ಎರಡು ಬೀದಿಗಳು ಒಂದನ್ನೊಂದು ಕತ್ತರಿಸುತ್ತವೆ. ದೊಡ್ಡಪೇಟೆಯೇ ಈಗಿನ ಅವೆನ್ಯೂ ರಸ್ತೆ. ಸುತ್ತಮುತ್ತ ಕುಂಬಾರಪೇಟೆ, ಗಾಣಿಗರಪೇಟೆ, ತಿಗಳರಪೇಟೆ, ಉಪ್ಪಾರಪೇಟೆ, ಅಕ್ಕಿಪೇಟೆ, ಬಳೇಪೇಟೆ. ಕಸುಬಿಗೊಂದು ಬೀದಿ, ಜಾತಿಗೊಂದು ಬೀದಿ. ಮನೆಯೂ ಅಂಗಡಿಯೂ ಕಾರ್ಖಾನೆಯೂ ಒಂದೇ ಸೂರಿನಡಿ ಇದ್ದುದರಿಂದ ಬೀದಿಯಲ್ಲಿ ದಿನವಿಡೀ ಒಬ್ಬರಿಗೊಬ್ಬರು ಎದುರಾಗುತ್ತಿದ್ದರು ಎಂಬುದೂ ನಿಜ. 1809ರಿಂದ ಬೆಳೆದ ದಂಡು ಪ್ರದೇಶದ ಬಂಗಲೆ ಅದಕ್ಕೆ ತದ್ವಿರುದ್ಧ. ದೊಡ್ಡ ಕಾಂಪೌಂಡು, ನಡುವೆ ಮನೆ, ಹಿಂದಿನ ಮೂಲೆಯಲ್ಲಿ ಆಳುಗಳ ಸಾಲುಕೋಣೆ. 1881ರಲ್ಲಿ ರಾಜ್ಯವನ್ನು ಒಡೆಯರಿಗೆ ಮರಳಿಸಿದಾಗಲೂ ಬ್ರಿಟಿಷರು ದಂಡನ್ನು ತಮ್ಮ ಕೈಯಲ್ಲೇ ಇಟ್ಟುಕೊಂಡರು. ಪೇಟೆ, ದಂಡು ಎರಡೂ ಒಂದು ನಗರಪಾಲಿಕೆಯ ಅಡಿಗೆ ಬಂದದ್ದು 1949ರಲ್ಲಿ.

1898ರಲ್ಲಿ ಪ್ಲೇಗು ಬಂತು. ಇಕ್ಕಟ್ಟಿನ ಪೇಟೆಯಿಂದ ಜನರನ್ನು ಹೊರಗೆ ಕರೆದೊಯ್ಯಲು ಬಸವನಗುಡಿ, ಮಲ್ಲೇಶ್ವರ ಬಡಾವಣೆಗಳು ಎದ್ದವು. ಗಾಳಿ ಬೆಳಕಿನ ಮನೆ, ನೆಟ್ಟಗಿನ ರಸ್ತೆ, ಸಾಲುಮರ. ಆ ಬಡಾವಣೆಗಳ ಚೆಲುವನ್ನು ಹೊಗಳಿ ಬರೆದವರು ಬಹಳ ಮಂದಿ, ಆ ಹೊಗಳಿಕೆಗೆ ಅವು ಯೋಗ್ಯವೂ ಹೌದು. ಆದರೆ ಬಸವನಗುಡಿಯ ಚೌಕಗಳನ್ನು ಬೇರೆ ಬೇರೆ ಜಾತಿಯವರಿಗೆಂದು ವಿಂಗಡಿಸಿಯೇ ನಕ್ಷೆ ಮಾಡಿದ್ದರು. ವೈದ್ಯಶಾಸ್ತ್ರದ ಹೊಸ ತಿಳಿವಳಿಕೆ, ಹಳೆಯ ಜಾತಿಯ ಕಟ್ಟು ಎರಡೂ ಒಂದೇ ಕಾಗದದ ಮೇಲೆ ಕೂಡಿಕೊಂಡವು.

ಮಲ್ಲೇಶ್ವರದಂಥ ಬಡಾವಣೆಗಳಲ್ಲಿ ಮನೆಗಳ ಬೆನ್ನಿಗೆ ಬೆನ್ನು ತಾಗುವ ಕಡೆ ಕಿರಿದಾದ ಓಣಿಗಳಿವೆ. ಜನ ಅವನ್ನು ಈಗಲೂ ಕನ್ಸರ್ವೆನ್ಸಿ ಎನ್ನುತ್ತಾರೆ. ಇವತ್ತು ಅಲ್ಲಿ ಸ್ಕೂಟರು ನಿಲ್ಲಿಸುತ್ತಾರೆ, ಕೆಲವು ಕಡೆ ಗೋಡೆಗೆ ಚಿತ್ರ ಬರೆದು ಅಂದಗೊಳಿಸಿದ್ದಾರೆ. ಆ ಓಣಿ ಹುಟ್ಟಿದ್ದು ಏತಕ್ಕೆ? ಹಿತ್ತಲಿನ ಕಕ್ಕಸಿನಿಂದ ಮಲ ಬಳಿದು ಒಯ್ಯುವ ಜನ ಮನೆಯವರ ಕಣ್ಣಿಗೆ ಬೀಳದೆ, ಮುಂದಿನ ರಸ್ತೆಗೆ ಕಾಲಿಡದೆ ಬಂದು ಹೋಗಲಿ ಎಂದು. ಮುಂದೆ ಜಗಲಿ, ರಂಗೋಲಿ, ತುಳಸಿಕಟ್ಟೆ. ಹಿಂದೆ ತಲೆಯ ಮೇಲೆ ಬುಟ್ಟಿ ಹೊತ್ತ ಮನುಷ್ಯರು. ಯಾವ ಶಾಸ್ತ್ರಗ್ರಂಥವನ್ನೂ ಓದದವರಿಗೂ ಆ ನಕ್ಷೆ ಜಾತಿಯ ಪಾಠವನ್ನು ದಿನಾ ಬೆಳಿಗ್ಗೆ ಹೇಳಿಕೊಡುತ್ತಿತ್ತು. 1970ರ ದಶಕದ ಆರಂಭದಲ್ಲಿ ಸಚಿವರಾಗಿದ್ದ ಬಿ. ಬಸವಲಿಂಗಪ್ಪನವರು ತಲೆಯ ಮೇಲೆ ಮಲ ಹೊರುವುದನ್ನು ನಮ್ಮ ರಾಜ್ಯದಲ್ಲಿ ನಿಷೇಧಿಸಿದರು. ಅದಾದ ಮೇಲೂ ಅದು ತಟ್ಟನೆ ನಿಲ್ಲಲಿಲ್ಲ, ದೇಶಕ್ಕೆ 1993ರಲ್ಲಿ ಒಂದು, 2013ರಲ್ಲಿ ಇನ್ನೊಂದು ಕಾನೂನು ಬೇಕಾಯಿತು.

ಈಗ ನಾವು ಅಪಾರ್ಟ್‌ಮೆಂಟುಗಳಲ್ಲಿದ್ದೇವೆ. ಹಿತ್ತಲಿಲ್ಲ, ಓಣಿಯಿಲ್ಲ. ಆದರೆ ಲಿಫ್ಟುಗಳು ಎರಡು. ಮನೆಕೆಲಸದವರು, ಡೆಲಿವರಿ ಹುಡುಗರು ಸರ್ವಿಸ್ ಲಿಫ್ಟನ್ನು ಮಾತ್ರ ಬಳಸಬೇಕು ಎಂಬ ಫಲಕವನ್ನು ನೀವು ನೋಡಿರುತ್ತೀರಿ. ಸಾಮಾನು ಸಾಗಿಸಲು ಬೇರೆ ಲಿಫ್ಟು ಬೇಕು, ಸರಿ. ಕೈಯಲ್ಲಿ ಏನೂ ಇಲ್ಲದೆ, ನಮ್ಮ ಮಗುವಿಗೆ ಊಟ ಮಾಡಿಸಲು ಬರುವ ಹೆಂಗಸು ಸಾಮಾನು ಹೇಗಾದಾಳು? ಆ ಫಲಕ ಕನ್ಸರ್ವೆನ್ಸಿ ಓಣಿಯನ್ನು ಹನ್ನೆರಡನೆಯ ಮಹಡಿಗೆ ಏರಿಸಿದೆ. ಎಷ್ಟೋ ಕಡೆ ಅವರಿಗೊಂದು ಶೌಚಾಲಯವನ್ನು ನಕ್ಷೆಯಲ್ಲಿ ತೋರಿಸುವ ನೆನಪೇ ಯಾರಿಗೂ ಆಗುವುದಿಲ್ಲ.

ಮಾಲುಗಳ ವಿಷಯಕ್ಕೆ ಬಂದರೆ, 2024ರ ಜುಲೈನಲ್ಲಿ ಮಾಗಡಿ ರಸ್ತೆಯ ಮಾಲೊಂದರಲ್ಲಿ ಸಿನಿಮಾ ಟಿಕೆಟ್ ಇದ್ದ ಹಿರಿಯ ರೈತರೊಬ್ಬರನ್ನು ಪಂಚೆ ಉಟ್ಟಿದ್ದಾರೆಂದು ಬಾಗಿಲಲ್ಲೇ ತಡೆದರು. ಸರ್ಕಾರ ಆ ಮಾಲನ್ನು ಒಂದು ವಾರ ಮುಚ್ಚಿಸಿತು. ಕ್ರಮ ಸರಿಯಾದದ್ದೇ. ಆದರೆ ಅಲ್ಲಿ ತಡೆದ ಕಾವಲುಗಾರನ ಅಪ್ಪನೂ ಊರಲ್ಲಿ ಪಂಚೆಯನ್ನೇ ಉಡುತ್ತಿರಬಹುದು. ಯಾರನ್ನು ಅನುಮಾನಿಸಬೇಕೆಂದು ಅವನಿಗೆ ಕಲಿಸಿದ್ದು ಆ ಹೊಳೆಯುವ ನೆಲ, ತಣ್ಣನೆ ಗಾಳಿ, ಗಾಜಿನ ಬಾಗಿಲು. ಸಂತೆಗೆ ಬಾಗಿಲಿರಲಿಲ್ಲ ಎಂಬುದನ್ನು ನೆನೆಯಿರಿ.

ಕೆಲವರಿಗೆ ಬಾಗಿಲಿರಲಿ, ಗೋಡೆಯೇ ಉಳಿಯುವುದಿಲ್ಲ. ಕೋರಮಂಗಲದ ಪಕ್ಕದ ಈಜಿಪುರದಲ್ಲಿ ಬಡವರಿಗೆಂದು ಪಾಲಿಕೆ ಕಟ್ಟಿಸಿದ್ದ ವಸತಿಗಳಲ್ಲಿ ಒಂದು ಭಾಗ 2007ರಲ್ಲಿ ಕುಸಿಯಿತು. ಅಷ್ಟು ಬೇಗ ಬೀಳುವಂತೆ ಕಟ್ಟಿದ್ದರು ಎಂಬುದೇ ಆ ವಸತಿಗಳ ಬಗ್ಗೆ ಹೇಳಬೇಕಾದ್ದನ್ನು ಹೇಳುತ್ತದೆ. ತಗಡಿನ ಶೆಡ್ಡುಗಳಲ್ಲಿ ಕಾದಿದ್ದ ಕುಟುಂಬಗಳನ್ನು 2013ರ ಜನವರಿಯಲ್ಲಿ ಎಬ್ಬಿಸಿ ಜಾಗ ತೆರವು ಮಾಡಿದರು. ಖಾಸಗಿ ಸಹಭಾಗಿತ್ವದ ಯೋಜನೆಯಲ್ಲಿ ಆ ನೆಲದ ಒಂದು ಪಾಲು ಬಡವರ ಮನೆಗೆ, ಇನ್ನೊಂದು ಪಾಲು ವಾಣಿಜ್ಯ ಕಟ್ಟಡಕ್ಕೆ.

ಸರ್ಕಾರದ ಹೊಸ ಕಟ್ಟಡಗಳ ಬಗ್ಗೆ ಹೆಚ್ಚು ಹೇಳಬೇಕಾದ್ದಿಲ್ಲ. 2005ರ ವಿಕಾಸಸೌಧ ವಿಧಾನಸೌಧದ ರೂಪವನ್ನೇ ಮತ್ತೆ ತೊಟ್ಟಿತು. ಮೊದಲನೆಯದಕ್ಕೆ ಇದ್ದ ಕಾರಣ ಎರಡನೆಯದಕ್ಕೆ ಇರಲಿಲ್ಲ. 2012ರ ಅಕ್ಟೋಬರ್ 11ರಂದು ರಾಷ್ಟ್ರಪತಿ ಪ್ರಣಬ್ ಮುಖರ್ಜಿಯವರು ಉದ್ಘಾಟಿಸಿದ ಬೆಳಗಾವಿಯ ಸುವರ್ಣ ವಿಧಾನಸೌಧಕ್ಕೆ ಮಾತ್ರ ಸ್ಪಷ್ಟವಾದ ಕಾರಣವಿದೆ. ಗಡಿಯ ತಕರಾರಿಗೆ ಕರ್ನಾಟಕ ಕಲ್ಲಿನಲ್ಲಿ ಕೊಟ್ಟ ಉತ್ತರ ಅದು. ವರ್ಷದಲ್ಲಿ ಎರಡು ವಾರದಷ್ಟು ಕಾಲ ಅಧಿವೇಶನ ನಡೆಸಿ ಉಳಿದ ದಿನ ಖಾಲಿ ಬಿಟ್ಟರೆ ಉತ್ತರ ಕರ್ನಾಟಕದ ಜನ ಆ ಉತ್ತರವನ್ನು ನಂಬಲಾರರು.

ಇನ್ನೊಂದು ಕಟ್ಟಡದ ಬಗ್ಗೆ ಹೇಳಲೇಬೇಕು. 1860ರ ದಶಕದಲ್ಲಿ ಕಟ್ಟಿದ ಬೆಂಗಳೂರಿನ ಸೆಂಟ್ರಲ್ ಜೈಲು. ನಡುವೆ ಕಾವಲು ಗೋಪುರ, ಅದರ ಸುತ್ತ ಚಕ್ರದ ಅರಗಳಂತೆ ಬ್ಯಾರಕ್ಕುಗಳು. ಗೋಪುರದಲ್ಲಿ ನಿಂತ ಒಬ್ಬನಿಗೆ ಎಲ್ಲರೂ ಕಾಣಬೇಕು, ಅದೇ ಆ ವಿನ್ಯಾಸದ ಗುಟ್ಟು. ತುರ್ತು ಪರಿಸ್ಥಿತಿಯಲ್ಲಿ ಅಟಲ್ ಬಿಹಾರಿ ವಾಜಪೇಯಿ, ಎಲ್.ಕೆ. ಅಡ್ವಾಣಿ ಅವರನ್ನು ಇಟ್ಟಿದ್ದು ಇಲ್ಲೇ. 2000ದಲ್ಲಿ ಕೈದಿಗಳನ್ನು ಪರಪ್ಪನ ಅಗ್ರಹಾರಕ್ಕೆ ಸಾಗಿಸಿದರು. 2008ರಲ್ಲಿ ಹಳೆಯ ಜೈಲು ಫ್ರೀಡಂ ಪಾರ್ಕ್ ಆಯಿತು, ಅದರಲ್ಲಿ ಜನ ಸಭೆ ಸೇರಲು, ಪ್ರತಿಭಟಿಸಲು ಜಾಗ ಬಿಟ್ಟರು. ಸೆರೆಮನೆಯನ್ನು ಜನರಿಗೆ ಬಿಟ್ಟುಕೊಟ್ಟ ಆ ಕಲ್ಪನೆ ಒಳ್ಳೆಯದಿತ್ತು. ತೊಂದರೆ ಬಂದದ್ದು ಆಮೇಲೆ. 2021ರ ಆದೇಶದ ಪ್ರಕಾರ ಬೆಂಗಳೂರಿನಲ್ಲಿ ಪ್ರತಿಭಟನೆ ಮಾಡುವುದಾದರೆ ಫ್ರೀಡಂ ಪಾರ್ಕಿನಲ್ಲಿ ಮಾತ್ರ ಮಾಡಬೇಕು.

ಹಿಂದೆ ಹೀಗಿರಲಿಲ್ಲ. ಹಸಿರು ಶಾಲಿನ ರೈತರು ಕಬ್ಬನ್ ಪಾರ್ಕಿನವರೆಗೆ ಬರುತ್ತಿದ್ದರು. ಅವರ ಘೋಷಣೆ ವಿಧಾನಸೌಧದ ಕಿಟಕಿಗೆ ತಾಗುತ್ತಿತ್ತು. 1935ರಲ್ಲಿ ಕಟ್ಟಿದ ಪುಟ್ಟಣ್ಣಚೆಟ್ಟಿ ಪುರಭವನದ ಮೆಟ್ಟಿಲುಗಳ ಮೇಲೆ ದಶಕಗಳ ಕಾಲ ಕಾರ್ಮಿಕರು, ವಿದ್ಯಾರ್ಥಿಗಳು, ಲೇಖಕರು, ಮಹಿಳಾ ಸಂಘಟನೆಗಳು ನಿಂತಿವೆ. ಪತ್ರಕರ್ತೆ ಗೌರಿ ಲಂಕೇಶರ ಕೊಲೆಯಾದಾಗ ಜನ ನೆರೆದದ್ದು ಅಲ್ಲಿ. ಬಸ್ಸಿನಲ್ಲಿ ಹೋಗುವವರು ತಲೆ ಹೊರಗೆ ಹಾಕಿ ಫಲಕ ಓದುತ್ತಿದ್ದರು. ಅಂಗನವಾಡಿಯ ಹೆಂಗಸರಿಗೆ ಸಂಬಳ ಸಿಗುತ್ತಿಲ್ಲವೆಂದು ಊರಿಗೆ ಗೊತ್ತಾಗುತ್ತಿದ್ದದ್ದು ಹಾಗೆ. ಇವತ್ತು ಅವರು ಹಳೆಯ ಜೈಲಿನ ಗೋಡೆಗಳ ನಡುವೆ, ಕಾವಲು ಗೋಪುರದ ಮಗ್ಗುಲಲ್ಲಿ ಕೂಗುತ್ತಾರೆ. ಕೇಳಿಸಿಕೊಳ್ಳುವವರು ಪೊಲೀಸರು, ಒಂದಿಷ್ಟು ಪತ್ರಕರ್ತರು. ಸಂಚಾರಕ್ಕೆ ಅಡ್ಡಿಯಾಗುತ್ತದೆ ಎಂಬ ಕಾರಣ ಸುಳ್ಳಲ್ಲ, ಆಂಬುಲೆನ್ಸ್ ಸಿಕ್ಕಿಕೊಂಡಾಗ ಆಗುವ ಸಂಕಟ ನನಗೂ ಗೊತ್ತು. ಆದರೆ ಮಂತ್ರಿಗಳ ವಾಹನಗಳಿಗೆ, ರಾಜಕೀಯ ಸಮಾವೇಶಗಳಿಗೆ, ಮೆರವಣಿಗೆಗಳಿಗೆ ರಸ್ತೆ ಬಿಡಿಸಿಕೊಡುವ ನಗರ, ದುಡಿಯುವವರ ಅಹವಾಲಿಗೆ ಒಂದು ತುಂಡು ಪಾದಚಾರಿ ಮಾರ್ಗವನ್ನೂ ಕೊಡಲಾರೆ ಎನ್ನುವುದು ಅನ್ಯಾಯ.

ಒಂದು ಸಮಾಧಾನದ ಮಾತೂ ಇದೆ. 1980ರ ದಶಕದಲ್ಲಿ ಅಠಾರಾ ಕಚೇರಿಯನ್ನು ಕೆಡವುವ ಪ್ರಸ್ತಾಪ ಬಂದಾಗ ಈ ಊರಿನ ಜನ ಸಾರ್ವಜನಿಕ ಹಿತಾಸಕ್ತಿ ಅರ್ಜಿ ಹಾಕಿ ಅದನ್ನು ಉಳಿಸಿಕೊಂಡರು. ಪರಕೀಯರು ಕಟ್ಟಿದ್ದು ಹೋಗಲಿ ಬಿಡಿ ಎನ್ನಲಿಲ್ಲ. ಅದರ ಮುಂದಿದ್ದ ಬ್ರಿಟಿಷ್ ಕಮಿಷನರ್ ಮಾರ್ಕ್ ಕಬ್ಬನ್ನನ ಕುದುರೆ ಸವಾರಿಯ ಪ್ರತಿಮೆಯನ್ನು 2020ರಲ್ಲಿ ಕಬ್ಬನ್ ಪಾರ್ಕಿನೊಳಕ್ಕೆ ಸರಿಸಿದರು, ಒಡೆಯಲಿಲ್ಲ. ಅಧಿಕಾರಿಯ ಕಟ್ಟಡ ನ್ಯಾಯಾಲಯವಾದರೆ ಅದರ ಅರ್ಥ ಬದಲಾಗುತ್ತದೆ. ವಿಧಾನಸೌಧದಲ್ಲೂ 2025ರಿಂದ ಪ್ರವಾಸೋದ್ಯಮ ಇಲಾಖೆ ಟಿಕೆಟ್ ಪಡೆದವರಿಗೆ ಕಟ್ಟಡ ತೋರಿಸುವ ವ್ಯವಸ್ಥೆ ಮಾಡಿದೆ. ಸ್ವಾಗತ. ಆದರೆ ಪ್ರವಾಸಿಯಾಗಿ ಒಳಗೆ ಹೋಗುವುದೇ ಬೇರೆ, ಪ್ರಜೆಯಾಗಿ ಹೋಗುವುದೇ ಬೇರೆ.

ಸರ್ಕಾರದ ಮುಂದೆ ನನ್ನ ಬೇಡಿಕೆ ಇಷ್ಟು. ಅಧಿವೇಶನವಿಲ್ಲದ ದಿನಗಳ ಸಂಜೆ ಆ 45 ಮೆಟ್ಟಿಲುಗಳನ್ನು ಟಿಕೆಟ್ ಇಲ್ಲದೆ ಜನರಿಗೆ ತೆರೆಯಿರಿ. ವಿಧಾನಸೌಧಕ್ಕೆ ಕಾಣುವಷ್ಟು, ಕೇಳುವಷ್ಟು ಹತ್ತಿರದಲ್ಲಿ ಪ್ರತಿಭಟನೆಗೆ ಒಂದು ಜಾಗ ಗುರುತಿಸಿ. ಭದ್ರತೆಯ ಏರ್ಪಾಡು ಬೇಕಾದರೆ ಮಾಡಿ, ಅದು ಮಾಡಲಾಗದ ಕೆಲಸವಲ್ಲ.

ಕೇಳುಗರಲ್ಲಿ ಅಪಾರ್ಟ್‌ಮೆಂಟ್ ಸಂಘಗಳ ಸದಸ್ಯರಿದ್ದರೆ ಅವರಲ್ಲಿ ಇನ್ನೊಂದು ವಿನಂತಿ. ಮುಂದಿನ ಸಭೆಯಲ್ಲಿ ಲಿಫ್ಟಿನ ಪಕ್ಕದ ಆ ಫಲಕದ ವಿಷಯ ಎತ್ತಿ, ಅದನ್ನು ತೆಗೆಸಿ. ಮನೆಕೆಲಸದವರಿಗೆ, ಕಾವಲುಗಾರರಿಗೆ ನೆಲಮಹಡಿಯಲ್ಲಿ ಬೀಗವಿಲ್ಲದ ಒಂದು ಶೌಚಾಲಯ ಕಟ್ಟಿಸಿ.